ಎಣಿಸುವವರಿಗೆ ಗೊತ್ತಿರಬಾರದು

ನಮ್ಮ ಬಳಗದಲ್ಲಿ ನನ್ನನ್ನು ಕಂಡರೆ ಎಲ್ಲರಿಗೂ ಸ್ವಲ್ಪ ಭಯ. ಕಂಡರೆ ಎಂದದ್ದು ಮಾತಿಗೆ. ಅಲ್ಲಿ ಒಬ್ಬರೂ ನನ್ನನ್ನು ಕಂಡಿಲ್ಲ. ಬಳಗ ಇರುವುದು ಅಂತರ್ಜಾಲದಲ್ಲಿ, ನನ್ನ ಹೆಸರು ಅಲ್ಲಿ ಜರಡಿ. ನಾನಾಗಿ ಇಟ್ಟುಕೊಂಡದ್ದಲ್ಲ, ನನ್ನ ಕೈಯಲ್ಲಿ ಸಿಕ್ಕಿ ನರಳಿದವರು ಕೊಟ್ಟದ್ದು. ಅದಕ್ಕೊಂದು ಸರ್ ಸೇರಿಸಿ ಜರಡಿ ಸರ್ ಎನ್ನುತ್ತಾರೆ. ನಾನು ಹೆಂಗಸು ಎಂದು ತಿದ್ದಲು ಹೋಗಲಿಲ್ಲ. ಸರ್ ಎಂದುಕೊಂಡವರು ವಾದ ಮಾಡುವುದು ಕಡಿಮೆ ಎಂಬುದು ನನಗೆ ಬೇಗನೆ ತಿಳಿದಿತ್ತು.

ನಮ್ಮ ಹುಚ್ಚು ಏನೆಂದರೆ, ಸೂರ್ಯನ ಹೊಟ್ಟೆಯಲ್ಲಿ ನಡೆಯುವ ಕೆಲಸವನ್ನು ಮನೆಯ ಹಿಂದಿನ ಕೋಣೆಯಲ್ಲಿ ಚಿಕ್ಕದಾಗಿ ಮಾಡಿ ನೋಡುವುದು. ಹಗುರ ಪರಮಾಣುಗಳು ಒಂದಕ್ಕೊಂದು ಬೆಸೆದುಕೊಂಡು ಶಕ್ತಿ ಬಿಡುತ್ತವಲ್ಲ, ಅದು. ಉಕ್ಕಿನ ಗುಂಡು ಪಾತ್ರೆ, ಅದರೊಳಗಿನ ಗಾಳಿ ಹೀರಲು ಪಂಪು, ನಡುವೆ ತಂತಿಯ ಬುಟ್ಟಿ, ಆ ಬುಟ್ಟಿಗೆ ಸಾವಿರಾರು ವೋಲ್ಟ್. ಇದರಿಂದ ಒಂದು ಬಲ್ಬು ಉರಿಸುವಷ್ಟು ಕರೆಂಟೂ ಬರುವುದಿಲ್ಲ, ನಾವು ಸುರಿದದ್ದೇ ಹೆಚ್ಚು. ಆದರೂ ದೇಶದೇಶಗಳಲ್ಲಿ ಹಲ್ಲಿನ ಡಾಕ್ಟರು, ಲಿಫ್ಟ್ ಮೆಕ್ಯಾನಿಕ್ಕು, ಗಾಜು ಊದುವವರು ಎಲ್ಲರೂ ರಜೆಯ ದಿನ ಇದಕ್ಕೆ ಅಂಟಿಕೊಂಡು ಕೂರುತ್ತಾರೆ. ನಾನು ಒಂದು ಕಾಲೇಜಿನ ಪ್ರಯೋಗಾಲಯದಲ್ಲಿ ಅಟೆಂಡರು. ಇಪ್ಪತ್ತಾರು ವರ್ಷದಿಂದ ಗಾಜಿನ ಸಾಮಾನು ತೊಳೆದು, ಒರೆಸಿ, ಜೋಡಿಸಿಟ್ಟಿದ್ದೇನೆ. "ಬಾಟ್ಲಿ ತೊಳೆಯೋಳು ನಕ್ಷತ್ರ ಮಾಡೋರಿಗೆ ಮಾರ್ಕ್ಸ್ ಕೊಡ್ತಾಳೆ" ಎಂದು ನನ್ನ ಅತ್ತಿಗೆ ಬಂದವರ ಮುಂದೆಲ್ಲ ಹೇಳಿ ನಗುತ್ತಾಳೆ. ಅವಳು ಹೇಳುವುದರಲ್ಲಿ ಸುಳ್ಳೇನೂ ಇಲ್ಲ.

ಮಾರ್ಕ್ಸ್ ಎಂದರೆ ಪಟ್ಟಿ. ಬೆಸುಗೆ ನಿಜವಾಗಿ ಆಯಿತು ಎಂಬುದಕ್ಕೆ ಇರುವ ಸಾಕ್ಷಿ ಒಂದೇ: ನ್ಯೂಟ್ರಾನ್ ಎಂಬ, ಕಣ್ಣಿಗೆ ಕಾಣದ ಕಣಗಳು ಹೊರಗೆ ಬರಬೇಕು, ಎಣಿಕೆಯ ಪೆಟ್ಟಿಗೆ ಅವನ್ನು ಎಣಿಸಬೇಕು. ಆ ಸಾಕ್ಷಿಯನ್ನು ಪರೀಕ್ಷಿಸುವುದು ನನ್ನ ಕೆಲಸ, ಅದರಲ್ಲಿ ದಾಟಿದವರ ಹೆಸರು ನ್ಯೂಟ್ರಾನ್ ಪಟ್ಟಿಗೆ ಸೇರುತ್ತದೆ. ಹದಿನಾಲ್ಕು ವರ್ಷದಲ್ಲಿ ಅರವತ್ತಮೂರು ಹೆಸರು. ನನ್ನದು ಒಂಬತ್ತನೆಯದು. ಬಹುಮಾನವಿಲ್ಲ, ಪ್ರಮಾಣಪತ್ರವಿಲ್ಲ, ಒಂದು ಸಾಲು ಅಷ್ಟೇ. ಆ ಒಂದು ಸಾಲಿಗಾಗಿ ಜನ ಐದಾರು ವರ್ಷ ತಲೆ ಚಚ್ಚಿಕೊಳ್ಳುತ್ತಾರೆ.

ಕಷ್ಟ ಎಲ್ಲಿ ಎಂದರೆ, ಎಣಿಕೆಯ ಪೆಟ್ಟಿಗೆ ಬಹಳ ಪೆದ್ದು. ಹತ್ತಿರದಲ್ಲಿ ಕಿಡಿ ಹಾರಿದರೂ ನ್ಯೂಟ್ರಾನ್ ಬಂತೆಂದು ಎಣಿಸಿಬಿಡುತ್ತದೆ. ಅದನ್ನು ನಾವು ಗದ್ದಲ ಎನ್ನುತ್ತೇವೆ. ಬಂದದ್ದು ನ್ಯೂಟ್ರಾನೋ ಗದ್ದಲವೋ ತಿಳಿಯಲು ಖಾಲಿ ಓಟ ಮಾಡಬೇಕು, ಅಂದರೆ ಬೆಸೆದುಕೊಳ್ಳದ ಗ್ಯಾಸ್ ತುಂಬಿ ಯಂತ್ರ ನಡೆಸಬೇಕು. ಡ್ಯೂಟೀರಿಯಂ ಎಂಬ ಭಾರದ ಹೈಡ್ರೋಜನ್ನು ಬೆಸೆದುಕೊಳ್ಳುತ್ತದೆ, ಸಾಮಾನ್ಯ ಹೈಡ್ರೋಜನ್ನು ನಮ್ಮ ಪಾತ್ರೆಗಳಲ್ಲಿ ಬೆಸೆದುಕೊಳ್ಳುವುದಿಲ್ಲ. ಹೊರಗಿನಿಂದ ಎರಡರ ಹೊಳಪೂ ನೇರಳೆ. ಅಷ್ಟೇ ವೋಲ್ಟ್ ಇಟ್ಟು ಗ್ಯಾಸ್ ಮಾತ್ರ ಬದಲಾಯಿಸಿದಾಗ ಎಣಿಕೆ ದಡಕ್ಕನೆ ಇಳಿದರೆ ನೀವು ಗೆದ್ದಿರಿ. ಇಳಿಯದಿದ್ದರೆ ನಿಮ್ಮದು ಬರೀ ಗದ್ದಲ.

ಇದರ ಮೇಲೆ ನಾನೊಂದು ನಿಯಮ ಸೇರಿಸಿದ್ದೆ. ಹಿಂದೊಮ್ಮೆ ಹಲ್ಲಿನ ಡಾಕ್ಟರೊಬ್ಬರು ಖಾಲಿ ಓಟದ ಅಂಕಿಗಳನ್ನು ತಾವೇ ಬರೆದುಕೊಂಡು, ತಮಗೆ ಬೇಕಾದ ಹಾಗೆ ಇಳಿಸಿಕೊಂಡಿದ್ದರು. ಮೋಸಗಾರರಲ್ಲ ಪಾಪ, ಆಸೆ ಹೆಚ್ಚಾಗಿತ್ತು. ಅಂದಿನಿಂದ ನಿಯಮ: ಯಂತ್ರ ನಡೆಸುವವರು ಒಬ್ಬರು, ಎಣಿಕೆ ನೋಡಿ ಬರೆಯುವವರು ಇನ್ನೊಬ್ಬರು. ಒಳಗಿರುವುದು ಯಾವ ಗ್ಯಾಸ್ ಎಂದು ಎಣಿಸುವವರಿಗೆ ಗೊತ್ತಿರಬಾರದು. ಆರು ಓಟ, ಹಿಂದುಮುಂದಾಗಿ, ಕೊನೆಗೆ ಎರಡು ಹಾಳೆ ಪಕ್ಕಪಕ್ಕ ಇಟ್ಟು ನೋಡಬೇಕು. ಈ ನಿಯಮದ ಬಗ್ಗೆ ನನಗೆ ಜಂಬವಿತ್ತು. ಮನುಷ್ಯರ ಆಸೆಗೆ ನಾನು ಬೀಗ ಹಾಕಿದೆ ಎಂದುಕೊಂಡಿದ್ದೆ.

ಸುರುಳಿ ಎಂಬ ಸದಸ್ಯರು ನನ್ನ ಕೈಗೆ ಬಂದದ್ದು ಕಳೆದ ವರ್ಷ. ಸುಟ್ಟ ಮೋಟಾರುಗಳಿಗೆ ಹೊಸ ತಂತಿ ಸುತ್ತಿಕೊಡುವುದು ಅವರ ಕಸುಬು, ಅದಕ್ಕೇ ಆ ಹೆಸರು. ಅವರು ಕಳಿಸಿದ ಫೋಟೋಗಳಲ್ಲಿ ಒಂದು ತಂತಿಯೂ ಸೊಟ್ಟಗೆ ಇರಲಿಲ್ಲ. ನಿಮಿಷಕ್ಕೆ ನಲವತ್ತೊಂದು, ನಲವತ್ತೆರಡು ಎಂದು ಅಂಕಿ ಬರೆದಿದ್ದರು. ಖಾಲಿ ಓಟ ಇರಲಿಲ್ಲ. ನಾನು ಕಡ್ಡಿ ಮುರಿದ ಹಾಗೆ ಬರೆದೆ: "ಖಾಲಿ ಓಟವಿಲ್ಲದೆ ಇದನ್ನು ಓದುವುದಿಲ್ಲ. ನಿಯಮ ನೋಡಿಕೊಂಡು ಬನ್ನಿ." ಅವರು "ಆಗಲಿ ಸರ್, ಎಣಿಸೋಕೆ ಮನೇಲೇ ಜನ ಇದ್ದಾರೆ" ಎಂದು ಉತ್ತರಿಸಿದರು.

ಎರಡು ವಾರ ಬಿಟ್ಟು ಇನ್ನೊಂದು ಪತ್ರ ಬಂತು. "ಸರ್, ಖಾಲಿ ಓಟ ಮಾಡಿ ನೋಡಿದೆ. ಎರಡೂ ಒಂದೇ ಬಂತು. ನನ್ನದು ಬರೀ ಗದ್ದಲ. ತೊಂದರೆ ಕೊಟ್ಟಿದ್ದಕ್ಕೆ ಕ್ಷಮೆ ಇರಲಿ." ಬಳಗದಲ್ಲಿ ಪತ್ರಗಳು ಮೂರು ತಿಂಗಳಿಗೆ ತಾವಾಗಿ ಅಳಿಸಿಹೋಗುತ್ತವೆ, ಪುಟಗಳಷ್ಟೇ ಉಳಿಯುತ್ತವೆ. ಅದನ್ನು ಎಲ್ಲರಿಗೂ ಕಾಣುವ 'ಹಿಂತೆಗೆದುಕೊಂಡವು' ಪುಟಕ್ಕೆ ಹಾಕಿ, ಕೆಳಗೆ "ಪ್ರಾಮಾಣಿಕತೆಗೆ ಮೆಚ್ಚುಗೆ" ಎಂದು ಬರೆದೆ. ಎರಡು ಪದ. ನನ್ನ ನಿಯಮ ಕೆಲಸ ಮಾಡಿತಲ್ಲ ಎಂದು ಅವತ್ತು ಖುಷಿಯಾಗಿದ್ದೂ ನೆನಪಿದೆ.

ನಾಲ್ಕು ತಿಂಗಳಾದ ಮೇಲೆ ಅದೇ ಖಾತೆಯಿಂದ ಒಂದು ಸಂದೇಶ. "ನಾನು ಇವರ ಹೆಂಡತಿ. ಇವರು ತೀರಿಕೊಂಡರು. ನಿಮ್ಮ ಪಟ್ಟಿಯನ್ನು ಇವರು ನನಗೆ ತೋರಿಸುತ್ತಿದ್ದರು. ಎರಡು ಸಲ ಮೇಲಿಂದ ಕೆಳಗೆ ಓದಿದೆ. ಇವರ ಹೆಸರು ಬಿಟ್ಟುಹೋಗಿದೆ. ದಯವಿಟ್ಟು ಸೇರಿಸಿ. ಲೆಕ್ಕ ಬರೆದವಳು ನಾನೇ, ಪುಸ್ತಕ ನನ್ನ ಹತ್ತಿರ ಇದೆ."

ಗಂಡ ಹೆಂಡತಿಗೆ ಹೇಳಿಲ್ಲ ಎಂದು ಕೂಡಲೇ ತಿಳಿಯಿತು. ನಿಮ್ಮ ಯಜಮಾನರದು ಗದ್ದಲವಂತೆ ಎಂದು ನಾಲ್ಕು ಸಾಲು ಬರೆದು ಮುಗಿಸಬಹುದಿತ್ತು. ಬರೆದೆ, ಅಳಿಸಿದೆ, ಮತ್ತೆ ಬರೆದೆ. ನನ್ನ ನಾಲಿಗೆ ಎಷ್ಟು ಹರಿತವಾದರೂ ಸತ್ತವರ ಹೆಂಡತಿಯ ಮುಂದೆ ಅದು ಓಡಲಿಲ್ಲ. ಇನ್ನೊಂದು ಕಾರಣವೂ ಇತ್ತು. ಅಷ್ಟು ಅಚ್ಚುಕಟ್ಟಾಗಿ ತಂತಿ ಎಳೆದವರ ಯಂತ್ರದಲ್ಲಿ ಅಷ್ಟೊಂದು ಗದ್ದಲ ಯಾಕೆ ಬಂತು ಎಂಬುದು ಒಳಗೆ ಕೊರೆಯುತ್ತಿತ್ತು. ವಿಳಾಸ ಕೇಳಿ, ಒಂದು ದಿನ ರಜೆ ಹಾಕಿ, ಬೆಳಿಗ್ಗೆಯ ಬಸ್ಸು ಹತ್ತಿದೆ.

ಬಾಗಿಲು ತೆಗೆದ ಹೆಂಗಸಿಗೆ ಅರವತ್ತರ ಹತ್ತಿರ ವಯಸ್ಸು. ಕೊರಳಲ್ಲಿ ಅಳತೆ ಟೇಪು ನೇತಾಡುತ್ತಿತ್ತು, ರವಿಕೆಯ ತುದಿಯಲ್ಲಿ ಎರಡು ಗುಂಡುಸೂಜಿ.

"ಯಾರು ಬೇಕಿತ್ತು?"

"ನಾನು ಜರಡಿ."

ಅವರು ನನ್ನ ಹಿಂದೆ ಯಾರಾದರೂ ಇದ್ದಾರೇನೋ ಎಂದು ಬೀದಿಯ ಕಡೆ ನೋಡಿದರು. "ನೀವಾ? ಇವರು ಸರ್ ಸರ್ ಅಂತಿದ್ರು. ನಾನು ದೊಡ್ಡ ಮೀಸೆ ಇರೋರು ಅಂದ್ಕೊಂಡಿದ್ದೆ."

"ಮೀಸೆ ಇಲ್ದೇ ಇರೋದಕ್ಕೇ ಇಷ್ಟು ಜೋರು ಮಾಡೋದು ಅಕ್ಕಾ."

ಅವರು ನಕ್ಕರು. ನಗುತ್ತ ನಗುತ್ತಲೇ ಕಣ್ಣು ತುಂಬಿತು, ಟೇಪಿನ ತುದಿಯಿಂದ ಒರೆಸಿಕೊಂಡು ಒಳಗೆ ಕರೆದರು.

ಮುಂದಿನ ಕೋಣೆ ಅವರದು. ಹೊಲಿಗೆ ಯಂತ್ರ, ಕತ್ತರಿಸಿಟ್ಟ ಶಾಲೆಯ ಸಮವಸ್ತ್ರಗಳ ರಾಶಿ, ಗೋಡೆಗೆ ಒರಗಿಸಿದ ಆಳುದ್ದದ ಕನ್ನಡಿ. ಹೊಲಿಗೆ ಯಂತ್ರದ ಪಕ್ಕದ ಸ್ಟೂಲಿನ ಮೇಲೆ ಎಣಿಕೆಯ ಪೆಟ್ಟಿಗೆಯ ಅಂಕಿ ತೋರಿಸುವ ಭಾಗ. ಕಿಡಿಯಿಂದ ದೂರ ಇರಲೆಂದು ಯಜಮಾನರು ಅದನ್ನು ಇಲ್ಲಿ ಇಟ್ಟಿದ್ದರು. ಅದರ ತಂತಿ ಬಾಗಿಲ ಕೆಳಗೆ ನುಸುಳಿ ಹಿಂದಿನ ಕೋಣೆಗೆ ಹೋಗಿತ್ತು. ಅಲ್ಲಿ ಇಟ್ಟಿಗೆಯ ಗೋಡೆ, ಅದರಾಚೆ ಯಂತ್ರ, ಈಚೆ ಸ್ವಿಚ್ಚುಗಳ ಮೇಜು. ಒಳಗಿನ ಹೊಳಪು ಕಾಣಲು ಮೇಜಿನ ಮೇಲೊಂದು ಚಿಕ್ಕ ಪರದೆ.

"ಮಧ್ಯಾಹ್ನ ಊಟ ಆದ್ಮೇಲೆ ಶುರು ಮಾಡ್ತಿದ್ರು. ಅವರು ಅಲ್ಲಿ, ನಾನು ಇಲ್ಲಿ. ನಿಮಿಷಕ್ಕೊಂದು ಸಲ ಇದು ಒಂದು ನಂಬರ್ ತೋರಿಸುತ್ತೆ, ಹಳೇದು ಅಳಿಸಿ ಹೋಗುತ್ತೆ. ನಾನು ಕೂಗಿ ಹೇಳೋದು, ಇದ್ರಲ್ಲಿ ಬರ್ಕೊಳ್ಳೋದು." ಅವರು ಅಳತೆ ಪುಸ್ತಕ ಮುಂದಿಟ್ಟರು. ಒಂದು ಪುಟದಲ್ಲಿ ಯಾರದೋ ಎದೆ, ಸೊಂಟ, ತೋಳಿನ ಅಳತೆ. ಎದುರು ಪುಟದಲ್ಲಿ ನ್ಯೂಟ್ರಾನು. "ಕಾಯಿಲೆ ಜೋರಾದ್ಮೇಲೂ ಬಿಡ್ಲಿಲ್ಲ. ಡಾಕ್ಟ್ರು ಇನ್ನು ಕೆಲವು ವಾರ ಅಂದಿದ್ರು. ನಾನು ನಲವತ್ತೊಂದು ಅಂತ ಕೂಗಿದ್ರೆ ಆ ಕಡೆಯಿಂದ ಹಾಂ ಅಂತ ಒಂದು ದನಿ ಬರ್ತಿತ್ತು. ಆ ದನಿ ಕೇಳಿದ್ರೆ ಇವರಿಗೆ ಏನೂ ಆಗಿಲ್ಲ ಅನ್ನಿಸೋದು."

ನನಗೆ ಬೇಕಾಗಿದ್ದ ಪುಟ ಸಿಕ್ಕಿತು. ಒಂದು ಗುರುವಾರ, ಆರು ಓಟ: ನಲವತ್ತೊಂದು, ನಲವತ್ಮೂರು, ನಲವತ್ತು, ನಲವತ್ತೆರಡು, ನಲವತ್ತೊಂದು, ನಲವತ್ನಾಲ್ಕು. ಯಜಮಾನರ ಹಾಳೆ ಅದೇ ಪುಟದಲ್ಲಿ ಮಡಿಚಿತ್ತು: ಎರಡು, ಮೂರು, ಐದನೆಯ ಓಟಗಳಲ್ಲಿ ಸಾಮಾನ್ಯ ಹೈಡ್ರೋಜನ್ನು. ನಿಜವೇ, ಒಂದಿಷ್ಟೂ ವ್ಯತ್ಯಾಸವಿಲ್ಲ.

"ಈ ಗುರುವಾರದ ಮೇಲೆ ಏನೂ ಬರೆದಿಲ್ಲವಲ್ಲ."

"ಅವತ್ತೇ ಕೊನೆ. ಸುಸ್ತು ಅಂದ್ರು. ಮತ್ತೆ ಯಂತ್ರ ಹಚ್ಚಲೇ ಇಲ್ಲ. ಐದು ವಾರ ಆ ಕೋಣೆ ಕಡೆ ತಿರುಗಿ ನೋಡ್ಲಿಲ್ಲ."

ಯಂತ್ರ ನಡೆಸಿ ನೋಡಲೇ ಎಂದು ಕೇಳಿದೆ. ಗದ್ದಲ ಎಲ್ಲಿಂದ ಎಂದು ಕಂಡುಹಿಡಿದರೆ, ತಪ್ಪು ಎಂಥ ಚಿಕ್ಕದು ಎಂದಾದರೂ ಇವರಿಗೆ ಹೇಳಬಹುದು ಎಂಬುದು ನನ್ನ ಲೆಕ್ಕ. ಅವರು ಖುಷಿಯಿಂದ ಪೆನ್ಸಿಲ್ ಚೂಪು ಮಾಡಿಕೊಂಡು ಸ್ಟೂಲಿನ ಮುಂದೆ ಕುಳಿತರು. ಪಂಪು ಹಾಕಿ ಎರಡು ಗಂಟೆ ಕಾದೆವು. ಅಷ್ಟರಲ್ಲಿ ಅವರು ನಾಲ್ಕು ಅಂಗಿಗೆ ಕಾಲರು ಹಚ್ಚಿದರು. ನಾನು ಒಂದೊಂದು ಜೋಡಣೆಯನ್ನೂ ಮುಟ್ಟಿ ನೋಡಿದೆ. ಎಲ್ಲೂ ತಪ್ಪು ಕಾಣಲಿಲ್ಲ.

ಮೊದಲು ಡ್ಯೂಟೀರಿಯಂ ಬಿಟ್ಟೆ. ಪರದೆಯ ಮೇಲೆ ನೇರಳೆ ಹೊಳಪು ಮೂಡಿತು. ಒಂದು ನಿಮಿಷ.

"ನಲವತ್ತೆರಡು" ಎಂದು ಬಾಗಿಲಾಚೆಯಿಂದ ಕೂಗಿದರು.

ಗ್ಯಾಸ್ ಬದಲಾಯಿಸಿದೆ. ಅಭ್ಯಾಸಬಲ, ಏನನ್ನು ಬದಲಾಯಿಸಿದೆ ಎಂದು ಹೇಳಲಿಲ್ಲ, ಎಣಿಸುವವರಿಗೆ ಗೊತ್ತಿರಬಾರದಲ್ಲ. ಅದೇ ವೋಲ್ಟ್, ಅದೇ ನೇರಳೆ. ನಿಮಿಷ ಕಳೆಯಿತು. ದನಿ ಬರಲಿಲ್ಲ.

"ಎಷ್ಟಕ್ಕಾ?"

ಸ್ವಲ್ಪ ತಡವಾಗಿ, "ನಲವತ್ತು."

ಆ ತಡದಲ್ಲಿ ಏನೋ ಇತ್ತು. ಯಂತ್ರವನ್ನು ಹಾಗೇ ಉರಿಯಲು ಬಿಟ್ಟು ಮೆಲ್ಲನೆ ಬಾಗಿಲು ತೆರೆದೆ. ಅವರು ಬೆನ್ನು ಮಾಡಿ ಕುಳಿತಿದ್ದರು. ಎದುರಿನ ಕನ್ನಡಿಯಲ್ಲಿ ಅವರ ಮುಖ ಕಾಣುತ್ತಿತ್ತು, ತುಟಿ ಬಿಗಿಹಿಡಿದಿದ್ದರು. ಪೆಟ್ಟಿಗೆಯಲ್ಲಿ ಹೊಸ ನಿಮಿಷದ ಅಂಕಿ ಬಂತು. ಎರಡು. ಅವರ ಪೆನ್ಸಿಲ್ಲು ಪುಸ್ತಕದಲ್ಲಿ ನಲವತ್ತೊಂದು ಎಂದು ಬರೆಯಿತು.



"ಅಕ್ಕಾ, ಅದರಲ್ಲಿ ಎರಡಿದೆ."

ಅವರು ಬೆಚ್ಚಿ ತಿರುಗಿ, ಅಂಕಿಯ ಮೇಲೆ ಅಂಗೈ ಮುಚ್ಚಿದರು. ಆಮೇಲೆ ತಾವಾಗಿಯೇ ಕೈ ತೆಗೆದರು. "ಒಂದೊಂದ್ಸಲ ಹೀಗೆ ಇಳಿದುಬಿಡುತ್ತೆ. ಯಂತ್ರ ಹಳೇದಾಯ್ತು ಅಂತ ಕಾಣುತ್ತೆ. ನೀವು ಅಷ್ಟು ದೂರದಿಂದ ಬಂದಿದ್ದೀರಿ. ಇದು ಕೆಟ್ಟಿದೆ ಅಂದ್ರೆ ಇವರ ಹೆಸರು ಸೇರಿಸಲ್ಲವೇನೋ ಅಂತ..."

"ಆ ಗುರುವಾರಾನೂ ಹೀಗೇ ಇಳಿದಿತ್ತಾ?"

"ಮೂರು ಸಲ. ಎರಡು, ಮೂರು, ಒಂದು, ಹೀಗೆ. ನನಗೆ ಗಾಬರಿಯಾಯ್ತು. ಅವತ್ತು ಇವರಿಗೆ ನಿಂತ್ಕೊಳ್ಳೋಕೂ ಆಗ್ತಿರಲಿಲ್ಲ, ಗೋಡೆ ಹಿಡ್ಕೊಂಡೇ ಹೋಗಿದ್ರು. ಆರು ವರ್ಷ ಕಷ್ಟಪಟ್ಟಿದ್ದು ಕಣ್ಮುಂದೆ ಕೈಕೊಡ್ತಾ ಇದೆ ಅಂತ ಆ ಸ್ಥಿತೀಲಿ ಹೇಗೆ ಹೇಳಲಿ? ಬಾಯಿಗೆ ಬಂದ ನಲವತ್ತು ಹೇಳಿದೆ. ಆ ಕಡೆಯಿಂದ ಹಾಂ ಅಂದ್ರು."

ನಾನು ಒಳಗೆ ಹೋಗಿ ಯಂತ್ರ ಆರಿಸಿದೆ. ಆರಿಸಿ ಅಲ್ಲೇ ಇಟ್ಟಿಗೆ ಗೋಡೆಗೆ ಕೈಯೂರಿ ನಿಂತೆ. ಆ ಮನುಷ್ಯ ಗೆದ್ದಿದ್ದರು. ಈ ಕೋಣೆಯಲ್ಲಿ, ಈ ಮೇಜಿನ ಮುಂದೆ, ಅವರ ಕೈಯಲ್ಲಿ ನಿಜವಾಗಿ ಬೆಸುಗೆ ಆಗಿತ್ತು. ಅವರಿಗೆ ಕೇಳಿಸಬೇಕಾಗಿದ್ದು ಎರಡು ಎಂಬ ಒಂದು ಮಾತು. ಅದನ್ನು ಬಿಟ್ಟು ಬೇರೆ ಯಾವುದು ಕೇಳಿಸಿದರೂ ಅವರು ಸೋತಂತೆ. ಹೆಂಡತಿ ಪ್ರೀತಿಯಿಂದ ನಲವತ್ತು ಎಂದರು. ಅವರು ಎರಡು ಹಾಳೆ ಪಕ್ಕಪಕ್ಕ ಇಟ್ಟು ನೋಡಿ, ಮಡಿಚಿ, ನನಗೆ ಕ್ಷಮೆ ಕೇಳಿ ಪತ್ರ ಬರೆದರು. ಐದು ವಾರ ಸೋತವರಾಗಿ ಬದುಕಿ ಸತ್ತರು. ನಾನು ಮೆಚ್ಚುಗೆ ಎಂದು ಬರೆದೆ. ಎಣಿಸುವವರಿಗೆ ಗೊತ್ತಿರಬಾರದು ಎಂದು ನಿಯಮ ಮಾಡಿದವಳು ನಾನು, ಅವರು ಅದನ್ನು ಪಾಲಿಸಿ ಹೆಂಡತಿಗೆ ಏನೂ ಹೇಳಿರಲಿಲ್ಲ. ಇಳಿದರೆ ಒಳ್ಳೆಯದು ಎಂದು ಒಂದು ಮಾತು ಹೇಳಿದ್ದರೆ ಈ ಹೆಂಗಸು ಆ ಎರಡನ್ನು ಬೀದಿಗೆಲ್ಲ ಕೇಳುವ ಹಾಗೆ ಕೂಗುತ್ತಿದ್ದರು.

ಮುಂದಿನ ಕೋಣೆಗೆ ಬಂದು, "ಅಕ್ಕಾ, ಇನ್ನು ಆರು ಓಟ ಮಾಡೋಣ. ಏನು ಬಂದ್ರೂ ಇರೋದನ್ನೇ ಹೇಳಿ" ಎಂದೆ.

ಮಾಡಿದೆವು. ನಲವತ್ಮೂರು. ಎರಡು. ನಲವತ್ತೊಂದು. ಒಂದು. ಮೂರು. ನಲವತ್ತೆರಡು. ಚಿಕ್ಕ ಅಂಕಿ ಬಂದಾಗಲೆಲ್ಲ ಅವರ ದನಿ ಸಣ್ಣಗಾಗುತ್ತಿತ್ತು, ಹೊಲಿದ ಬಟ್ಟೆ ಬಿಗಿಯಾಯಿತು ಎಂದು ಯಾರೋ ಹಿಂದಕ್ಕೆ ತಂದಿದ್ದಾರೇನೋ ಎಂಬ ಹಾಗೆ. ಸಾಮಾನ್ಯ ಗ್ಯಾಸ್ ಇದ್ದ ಮೂರಕ್ಕೆ ಮೂರೂ ಇಳಿದಿದ್ದವು. ಅರವತ್ತಮೂರು ಹೆಸರುಗಳಲ್ಲಿ ಯಾರೂ ಇಷ್ಟು ಶುದ್ಧವಾದ ಸಾಕ್ಷಿ ಕೊಟ್ಟಿರಲಿಲ್ಲ, ನಾನೂ ಸೇರಿ.

"ಸಾಲಲ್ವಾ?" ಎಂದರು.

"ಸಾಕು. ಹೆಸರು ಬರುತ್ತೆ."

ಅವರು ಅಳಲಿಲ್ಲ. ಪೆನ್ಸಿಲ್ಲನ್ನು ಪುಸ್ತಕದೊಳಗಿಟ್ಟು ಮುಚ್ಚಿ, ಅದರ ಮೇಲೆ ಕೈಯಿಟ್ಟು ಕುಳಿತರು. ಸ್ವಲ್ಪ ಹೊತ್ತಿನ ಮೇಲೆ ಹುಬ್ಬು ಗಂಟಿಕ್ಕಿತು. ಜೀವಮಾನವೆಲ್ಲ ಅಳತೆ ತೆಗೆದ ಹೆಂಗಸು, ಎಲ್ಲಿ ಎಳೆಯುತ್ತಿದೆ ಎಂದು ಕಂಡುಹಿಡಿಯದೆ ಬಿಡುವವರಲ್ಲ.

"ಎರಡು ಬಂದ್ರೆ ಒಳ್ಳೇದಾ?"

ನಾನು ಸ್ಟೂಲಿನ ಮೇಲಿನ ಪೆಟ್ಟಿಗೆ ಆರಿಸಿದೆ.

"ಇಳೀಲೇಬೇಕಾಗಿತ್ತಾ ಅದು? ಹಾಗಾದ್ರೆ ಅವತ್ತು ನಾನು..."

ಇಷ್ಟು ವರ್ಷ ನಾನು ಒಂದು ಸುಳ್ಳು ಅಂಕಿಯನ್ನೂ ಒಳಗೆ ಬಿಟ್ಟವಳಲ್ಲ. ಅಳುವವರನ್ನು ಬಿಟ್ಟಿಲ್ಲ, ಬೈಯುವವರನ್ನು ಬಿಟ್ಟಿಲ್ಲ. ಆ ಕ್ಷಣ ಅವರ ಮುಖ ನೋಡಿದೆ. ಆ ಮಾತು ಪೂರ್ತಿಯಾಗಿದ್ದರೆ ಆ ಮುಖ ಮತ್ತೆ ಮೊದಲಿನಂತೆ ಆಗುತ್ತಿರಲಿಲ್ಲ.

"ಅವತ್ತಿಂದು ಲೆಕ್ಕಕ್ಕೇ ಇಲ್ಲ ಅಕ್ಕಾ," ಎಂದೆ. "ಅವರು ಅದಕ್ಕೂ ಮೊದಲೇ ಎಲ್ಲಾ ಕಳಿಸಿದ್ರು. ಸರಿಯಾಗೇ ಇತ್ತು. ನಾನು ನೋಡಿರಲಿಲ್ಲ. ಕೆಲಸ ಜಾಸ್ತಿ ಅಂತ ಪಕ್ಕಕ್ಕಿಟ್ಟು ಮರೆತುಬಿಟ್ಟೆ. ತಪ್ಪು ನನ್ನದು."

"ಕಳಿಸಿದ್ರಾ?"

"ಕಳಿಸಿದ್ರು."

"ಮತ್ತೆ ಗುರುವಾರ ಯಾಕೆ ಮಾಡಿದ್ರು?"

"ಇರಲಿ ಅಂತ ಮಾಡಿರ್ತಾರೆ. ಅವರಿಗೆ ಗೆದ್ದಿದ್ದೀನಿ ಅಂತ ಗೊತ್ತಿತ್ತು."

ಅವರು ನನ್ನನ್ನೇ ನೋಡಿದರು. ಆಮೇಲೆ ಸಿಟ್ಟು ಬಂತು. ಸಿಟ್ಟು ಬಂದದ್ದು ನೋಡಿ ನನಗೆ ಉಸಿರು ಬಂತು.

"ಕೊನೇ ದಿನದವರೆಗೂ ಫೋನಲ್ಲಿ ನಿಮ್ಮ ಪಟ್ಟಿ ತೆಗೆದು ನೋಡ್ತಿದ್ರು. ಬೇರೆಯವರ ಹೆಸರು ಓದ್ತಿದ್ರು. ಏನು ನೋಡ್ತೀರಿ ಅಂದ್ರೆ ಸುಮ್ನೆ ಅನ್ನೋರು. ಈಗ ಗೊತ್ತಾಯ್ತು ಏನು ಕಾಯ್ತಿದ್ರು ಅಂತ. ಒಂದು ಹೆಸರು ಬರೆಯೋಕೆ ಎಷ್ಟು ಹೊತ್ತು ಬೇಕು ನಿಮಗೆ?"

"ಐದು ನಿಮಿಷ."

"ಐದು ನಿಮಿಷ" ಎಂದರು. "ಈಗ್ಲೇ ಬರೀರಿ. ನನ್ನ ಕಣ್ಮುಂದೆ."

ಅವರು ನೀರು ತರಲು ಒಳಗೆ ಹೋದಾಗ ಫೋನು ತೆಗೆದು, ಮೊದಲು 'ಹಿಂತೆಗೆದುಕೊಂಡವು' ಪುಟದಲ್ಲಿದ್ದ ಆ ಪತ್ರವನ್ನು ಅಳಿಸಿದೆ. ಕೆಳಗಿದ್ದ ನನ್ನ ಎರಡು ಪದವೂ ಅದರ ಜೊತೆ ಹೋಯಿತು. ಆಮೇಲೆ ಅವರ ಮುಂದೆಯೇ ಬರೆದೆ: ಅರವತ್ನಾಲ್ಕು, ಸುರುಳಿ. ಎಣಿಸಿದವರು, ಹೆಂಡತಿ. ಅವರು ಕನ್ನಡಕ ಹಾಕಿಕೊಂಡು ಬೆರಳಿಟ್ಟು ಓದಿದರು. ಎರಡು ಸಲ ಓದಿದರು. ಊಟ ಮಾಡಿ ಹೋಗಿ ಎನ್ನಲಿಲ್ಲ, ಬಾಗಿಲ ತನಕವೂ ಬರಲಿಲ್ಲ. ನಾನು ಚಪ್ಪಲಿ ಮೆಟ್ಟುವಾಗ ಹೊಲಿಗೆ ಯಂತ್ರದ ಸದ್ದು ಶುರುವಾಯಿತು.

ಆ ವಾರವೇ ಜರಡಿಯ ಕೆಲಸ ಬಿಟ್ಟೆ. ಗಾಜು ಊದುವವರು ಈಗ ಅದನ್ನು ನೋಡಿಕೊಳ್ಳುತ್ತಾರೆ. ಯಾಕೆ ಸರ್, ಏನಾಯಿತು ಸರ್ ಎಂದು ಬಹಳ ಜನ ಕೇಳಿದರು. ವಯಸ್ಸಾಯಿತು ಎಂದೆ. ಹೋಗುವ ಮೊದಲು ನಿಯಮದಲ್ಲಿ ಒಂದು ಸಾಲು ಸೇರಿಸಿದೆ: ಖಾಲಿ ಓಟದಲ್ಲಿ ಎಣಿಕೆ ಇಳಿಯುವುದೇ ಗೆಲುವು ಎಂದು ಎಣಿಸುವವರಿಗೆ ಮೊದಲೇ ತಿಳಿಸಿರಬೇಕು.

ಒಂದು ತಿಂಗಳ ಮೇಲೆ ಆ ಖಾತೆಯಿಂದ ಮತ್ತೆ ಸಂದೇಶ ಬಂತು. "ಮೇಡಂ, ಅವತ್ತು ಜೋರಾಗಿ ಮಾತಾಡಿದೆ. ಮನಸ್ಸಿಗೆ ಹಚ್ಚಿಕೊಳ್ಳಬೇಡಿ. ಹೆಸರನ್ನು ದಿನಾ ನೋಡುತ್ತೇನೆ. ಒಂದೇ ಒಂದು ತಿಳಿಸಿ. ಇವರು ನಿಮಗೆ ಕಳಿಸಿದ್ದು ಯಾವ ತಾರೀಕು?"

ಅವರ ಮಡಿಲಲ್ಲಿ ಆ ಅಳತೆ ಪುಸ್ತಕ ಗುರುವಾರದ ಪುಟಕ್ಕೆ ತೆರೆದಿದೆ ಎಂದು ನನಗೆ ಗೊತ್ತಿತ್ತು. ಕ್ಯಾಲೆಂಡರ್ ತೆಗೆದೆ, ಆ ಗುರುವಾರ ಹುಡುಕಿದೆ. ಅದಕ್ಕೆ ಮೂರು ದಿನ ಹಿಂದಿನ ಸೋಮವಾರದ ತಾರೀಕು ಬರೆದು ಕಳಿಸಿದೆ.

ಬಹಳ ಹೊತ್ತಿನ ಮೇಲೆ ಆ ಕಡೆಯಿಂದ "ಹಾಂ" ಎಂದು ಬಂತು.